ನೀರೊಳಗಿನ ಕೌರವ

ನಮ್ಮ ಮಮದಾಪುರದ ದೊಡ್ಡ ಕೆರೆ ವಿಜಯಪುರದ ಸುಲ್ತಾನ ಮಹಮ್ಮದ್ ಆದಿಲ್ ಶಾಹನ ಕಾಲದ್ದು. ಅವನು ಆಳಿದ್ದು 1627ರಿಂದ 1656ರವರೆಗೆ. ಆದರೆ ಆ ನೀರು ಕಂಡಾಗ ಚಿಕ್ಕವಳಾದ ನನಗೆ ನೆನಪಾಗುತ್ತಿದ್ದವನು ಸುಲ್ತಾನನಲ್ಲ, ಕೊಳದಲ್ಲಿ ಅಡಗಿ ಕೂತ ದುರ್ಯೋಧನ. ಅದು ದೊಡ್ಡಾಟದ ಪ್ರಭಾವ. ಬೆಳಗಿನ ಜಾವ ಭೀಮ, ಕೌರವ ಗದೆ ಹಿಡಿದು ಎದುರಾದರೆಂದರೆ ತೂಕಡಿಸುತ್ತಿದ್ದ ಹೆಂಗಸರೂ ಸೆರಗು ಸರಿಮಾಡಿಕೊಂಡು ಎದ್ದು ಕೂಡುತ್ತಿದ್ದರು.

ಈ ಕಾಳಗವನ್ನೇ ಕಾವ್ಯವಾಗಿಸಿದ ರನ್ನ ನಮ್ಮ ನೆರೆಯವನೇ. ಕೃಷ್ಣೆ ದಾಟಿ ಹೋದರೆ ಅವನ ಊರು ಮುಧೋಳ. 1997ರವರೆಗೆ ಅದು ನಮ್ಮ ಜಿಲ್ಲೆಯಲ್ಲೇ ಇತ್ತು. ಬಳೆಗಾರರ ಮನೆಯ ಹುಡುಗ, ತಾಯಿ ಅಬ್ಬಲಬ್ಬೆ. 993ರಲ್ಲಿ ಅವನಿಂದ ‘ಅಜಿತಪುರಾಣ’ ಬರೆಯಿಸಿದವಳೂ ಒಬ್ಬ ಹೆಣ್ಣುಮಗಳು, ದಾನಚಿಂತಾಮಣಿ ಅತ್ತಿಮಬ್ಬೆ.

‘ಗದಾಯುದ್ಧ’ದಲ್ಲಿ ರನ್ನ ಹದಿನೆಂಟು ದಿನದ ಯುದ್ಧದ ಕೊನೆಯ ದಿನವನ್ನು ಹಿಡಿದ. ಸಿಂಹ ಹೊರಳಿ ನೋಡಿದಂತೆ ಹಿಂದಿನ ಕಥೆಯನ್ನೆಲ್ಲ ಅಲ್ಲಿಂದಲೇ ಹೇಳಿದ. ನಾಯಕ ಭೀಮ. ಅವನಲ್ಲಿ ಕವಿ ಕಂಡದ್ದು ತನ್ನ ದೊರೆ, ಚಾಲುಕ್ಯ ಸತ್ಯಾಶ್ರಯನನ್ನು. ಕಾವ್ಯದ ಆರಂಭದಲ್ಲೇ ದ್ರೌಪದಿ ಬರುತ್ತಾಳೆ. ಎಲ್ಲಿ ಸಂಧಿಯಾಗಿ ತನ್ನ ಮುಡಿ ಬಿಚ್ಚಿಯೇ ಉಳಿಯುವುದೋ ಎಂಬ ಆತಂಕ ಅವಳದು.

ಆದರೆ ಹೊಗಳಬೇಕಾದವನು ಭೀಮನಾದರೂ ರನ್ನನ ಕರುಳು ಮಿಡಿದದ್ದು ಸೋಲುವವನಿಗೆ. ದುರ್ಯೋಧನ ಸಂಜಯನ ಜೊತೆ ಹೆಣಗಳ ನಡುವೆ ನಡೆಯುತ್ತಾನೆ. ತಮ್ಮ ದುಶ್ಶಾಸನ, ಮಗ ಲಕ್ಷಣ, ಗೆಳೆಯ ಕರ್ಣ, ಒಬ್ಬೊಬ್ಬರ ಮುಂದೂ ನಿಂತು ಅಳುತ್ತಾನೆ. ಶತ್ರುವಿನ ಮಗ ಅಭಿಮನ್ಯುವಿಗೂ ಕೈಮುಗಿದು, ಇಂಥ ಸಾವು ತನಗೂ ಬರಲಿ ಎನ್ನುತ್ತಾನೆ. ಇನ್ನಾದರೂ ಸಂಧಿ ಮಾಡಿಕೋ ಎಂದು ಹೆತ್ತವರು ಬೇಡಿದರೂ ಒಲ್ಲೆನೆನ್ನುತ್ತಾನೆ. ಭೀಷ್ಮರ ಮಾತಿಗೆ ಒಪ್ಪಿ ವೈಶಂಪಾಯನ ಸರೋವರ ಹೊಕ್ಕವನು ಭೀಮನ ಗರ್ಜನೆಗೆ ನೀರೊಳಗೇ ಬೆವರುತ್ತಾನೆ. ಹೆದರಿಕೆಯಿಂದಲ್ಲ, ರೋಷದಿಂದ. ಕೊನೆಗೆ ಮೇಲೆದ್ದು ಬಂದು ಕಾದುತ್ತಾನೆ. ಗದಾಯುದ್ಧದಲ್ಲಿ ಹೊಕ್ಕಳ ಕೆಳಗೆ ಹೊಡೆಯಬಾರದೆಂಬುದು ನಿಯಮ. ಭೀಮ ಹೊಡೆದದ್ದು ತೊಡೆಗೆ.

ಹೆಣ್ಣಾದ ನನಗೆ ಇಲ್ಲಿ ಯಾರ ಪಕ್ಷ ವಹಿಸಬೇಕೆಂಬುದು ಸುಲಭವಲ್ಲ. ತುಂಬಿದ ಸಭೆಯಲ್ಲಿ ಸೀರೆ ಸೆಳೆಸಿಕೊಂಡವಳ ಮುಡಿ ಕಟ್ಟಲೇಬೇಕಿತ್ತು. ಆದರೆ ನೂರು ಹೆತ್ತ ಗಾಂಧಾರಿಯ ಮಡಿಲು ಬರಿದಾಯಿತು. ಅಷ್ಟಕ್ಕೇ ನಿಲ್ಲಲಿಲ್ಲ. ಆ ರಾತ್ರಿಯೇ ಅಶ್ವತ್ಥಾಮ ಪಾಂಡವರ ಬೀಡಿಗೆ ನುಗ್ಗಿ, ಮಲಗಿದ್ದ ದ್ರೌಪದಿಯ ಐದು ಮಕ್ಕಳನ್ನೂ ಕೊಂದ.

ಓದು ಬರಹ ಬಾರದ ನಮ್ಮ ಆಯಿ ಆಟ ಮುಗಿದ ಮೇಲೆ ಇದನ್ನೇ ಕೇಳುತ್ತಿದ್ದಳು: “ಮುಡಿ ಕಟ್ಟಿದ್ಳು ಖರೆ, ಹೂ ಮುಡ್ಯೂದು ಹ್ಯಾಂಗ ಬೇ?”