ಸಂದು ಬಿಡದ ರಸ್ತೆ

ಹುಮನಾಬಾದ್, ಬಸವಕಲ್ಯಾಣದ ಓಣಿಗಳಲ್ಲಿ ಸಿಸಿ ರಸ್ತೆ ಬಿರುಕು ಬಿಟ್ಟರೆ ಎಲ್ಲರ ಬಾಯಲ್ಲೂ ಒಂದೇ ಮಾತು: ಸಿಮೆಂಟ್ ತಿಂದ್ರು. ತಿಂದಿರಲೂಬಹುದು! ಆದರೆ ಇಂಜಿನಿಯರಿಂಗ್ ಓದಿದ ನಾನು ಮೊದಲು ಕೇಳೋದು, ಜಾಯಿಂಟ್ ಎಲ್ಲಿ ಅಂತ.

ಹುಮನಾಬಾದ್ ತಾಲ್ಲೂಕಿನ ಜಲಸಂಗಿಗೆ ಹೋಗಿ. ಕಲ್ಯಾಣ ಚಾಲುಕ್ಯರ ಕಾಲದ ಗುಡಿ. ಎಲ್ಲರೂ ಶಾಸನ ಬರೆಯುವ ಸುಂದರಿಯನ್ನು ನೋಡ್ತಾರೆ, ನಾನು ಕಲ್ಲುಗಳ ನಡುವಿನ ಸಂದು ನೋಡ್ತೀನಿ. ಬಿಸಿಲಿಗೆ ಹಿಗ್ಗಲು, ಚಳಿಗೆ ಕುಗ್ಗಲು ಪ್ರತಿ ಕಲ್ಲಿಗೂ ಅಲ್ಲಿ ಜಾಗವಿದೆ. ಕಾಂಕ್ರೀಟ್ ರಸ್ತೆ ಹಾಗಲ್ಲ, ಅದು ಸಂದೇ ಇಲ್ಲದ ಒಂದೇ ಉದ್ದನೆಯ ಕಲ್ಲು. ಒಣಗುತ್ತಾ 10 ಅಡಿಗೆ ಸುಮಾರು ಒಂದೂವರೆ ಮಿಲಿಮೀಟರ್ ಕುಗ್ಗುತ್ತೆ. ಕೆಳಗಿನ ನೆಲ ಬಿಡಲ್ಲ, ಮೇಲಿನದು ಸೀಳುತ್ತೆ.

ಅಮೆರಿಕದ ಬೆಲ್‌ಫೌಂಟನ್ ಊರಲ್ಲಿ 1891ರಲ್ಲಿ ಜಾರ್ಜ್ ಬಾರ್ಥೊಲೊಮ್ಯೂ ಆ ದೇಶದ ಮೊದಲ ಕಾಂಕ್ರೀಟ್ ರಸ್ತೆ ಹಾಕಿದಾಗ ಇಡೀ ಬೀದಿಯನ್ನು ಒಂದೇ ಹಾಸಾಗಿ ಸುರಿಯಲಿಲ್ಲ, 5 ಅಡಿಯ ಚೌಕಗಳಾಗಿ ಸುರಿದ. 5 ವರ್ಷ ಬಾಳುತ್ತೆ ಅಂತ 5,000 ಡಾಲರ್ ಜಾಮೀನನ್ನೂ ಕಟ್ಟಿದ. ನಮ್ಮ ಗುತ್ತಿಗೆದಾರರಿಗೆ ಹೇಳಿ ನೋಡಿ!

4 ಇಂಚು ದಪ್ಪದ ಅಂಗಳಕ್ಕೆ 8ರಿಂದ 10 ಅಡಿಗೊಂದು ಗೆರೆ, ಆಳ 1 ಇಂಚು ಸಾಕು. ಬಿರುಕು ಆ ಗೆರೆಯ ಕೆಳಗೇ ಅಡಗುತ್ತೆ. ಗೋಡೆ ತಾಗುವಲ್ಲಿ ಪೂರ್ತಿ ಸಂದು ಬಿಡಬೇಕು. ಕಟಿಂಗ್ ಮಷಿನ್ ನಮ್ಮ ಬಿಸಿಲಿಗೆ ಅದೇ ದಿನ, ತಪ್ಪಿದರೆ ಮರುದಿನ ಬೆಳಿಗ್ಗೆಯೊಳಗೆ ಬರಬೇಕು. ಮೂರನೇ ದಿನ ಬಂದರೆ ಬಿರುಕು ಆಗಲೇ ತನ್ನ ದಾರಿ ಹಿಡಿದಿರುತ್ತೆ.