ಬನದಿಂದ ವೃಕ್ಷೋದ್ಯಾನಕ್ಕೆ: ಪಿಲಿಕುಳ ಮತ್ತು ತುಳುನಾಡಿನ ಸಸ್ಯಜ್ಞಾನ

ಕರ್ನಾಟಕದ ಉದ್ಯಾನಗಳ ಚರಿತ್ರೆಯನ್ನು ಬೆಂಗಳೂರಿನ ಲಾಲ್‌ಬಾಗ್‌ನಿಂದ ಆರಂಭಿಸುವುದು ರೂಢಿ. 1760ರಲ್ಲಿ ಹೈದರಾಲಿ ಆರಂಭಿಸಿದ, 1856ರಲ್ಲಿ ಸರ್ಕಾರಿ ಸಸ್ಯೋದ್ಯಾನವಾದ ಆ ತೋಟದ ಹಿರಿಮೆ ಬಹುಮಟ್ಟಿಗೆ ಹೊರನಾಡಿನ ಸಸ್ಯಗಳನ್ನು ತಂದು ಇಲ್ಲಿನ ಮಣ್ಣಿಗೆ ಒಗ್ಗಿಸಿದುದರಲ್ಲಿದೆ. ಮಂಗಳೂರು ಸಮೀಪದ ವಾಮಂಜೂರಿನ ಬಳಿ, ಶಿವರಾಮ ಕಾರಂತರ (1902–1997) ಹೆಸರನ್ನು ಹೊತ್ತ ಪಿಲಿಕುಳ ನಿಸರ್ಗಧಾಮದ ವೃಕ್ಷೋದ್ಯಾನದ ಆಶಯ ಬೇರೆ. ಪಶ್ಚಿಮ ಘಟ್ಟದ ಮರಗಳನ್ನು ಒಂದೆಡೆ ಬೆಳೆಸಿ, ಅವುಗಳನ್ನು ಸಾರ್ವಜನಿಕರಿಗೆ ಪರಿಚಯಿಸುವುದು ಅದರ ಉದ್ದೇಶ. 'ಪಿಲಿ' ಎಂದರೆ ತುಳುವಿನಲ್ಲಿ ಹುಲಿ. ಹುಲಿಯ ಕೊಳ ಎಂಬ ಸ್ಥಳನಾಮವೇ ಇಲ್ಲಿದ್ದ ಕಾಡಿನ ನೆನಪನ್ನು ಉಳಿಸಿಕೊಂಡಿದೆ.

ಸ್ಥಳೀಯ ಸಸ್ಯಗಳನ್ನು ಒಂದೆಡೆ ರಕ್ಷಿಸುವ ಕ್ರಮ ತುಳುನಾಡಿಗೆ ಹೊಸದಲ್ಲ. ನಾಗಬನಗಳು ಆ ಕೆಲಸವನ್ನು ತಲೆಮಾರುಗಳಿಂದ ಮಾಡುತ್ತ ಬಂದಿವೆ. ಬನದ ಮರಕ್ಕೆ ಕತ್ತಿ ತಾಗಿಸಬಾರದೆಂಬ ಕಟ್ಟುಪಾಡಿಗೆ ಭಯಭಕ್ತಿಯೇ ಆಧಾರವಾಗಿತ್ತು. ಇತ್ತೀಚಿನ ದಶಕಗಳಲ್ಲಿ ಅನೇಕ ಬನಗಳು ಜೀರ್ಣೋದ್ಧಾರದ ಹೆಸರಿನಲ್ಲಿ ಸಿಮೆಂಟಿನ ಕಟ್ಟೆಗಳಾಗಿವೆ. ಅಲ್ಲಿ ನಾಗನ ಕಲ್ಲು ಉಳಿದಿದೆ, ಮರಗಳು ಉಳಿದಿಲ್ಲ.

ಮರದೊಡನೆ ಮರದ ಅರಿವೂ ಅಳಿಯುತ್ತದೆ ಎಂಬುದಕ್ಕೆ ಆಟಿ ಅಮಾವಾಸ್ಯೆಯ ಆಚರಣೆಯನ್ನು ನೋಡಬಹುದು. ಅಂದು ನಸುಕಿನಲ್ಲಿ ಪಾಲೆ ಮರದ ತೊಗಟೆಯನ್ನು ಕಬ್ಬಿಣ ತಾಗಿಸದೆ ಕಲ್ಲಿನಿಂದ ಜಜ್ಜಿ ತಂದು, ಅದರ ಕಹಿರಸದ ಕಷಾಯವನ್ನು ಮನೆಮಂದಿಯೆಲ್ಲ ಕುಡಿಯುತ್ತಾರೆ. ಸಂಸ್ಕೃತದ ಸಪ್ತಪರ್ಣವೇ ಈ ಪಾಲೆ. ತುಳುವಿನಲ್ಲಿ ಕಾಯೆರ್ ಎನಿಸುವ ಕಾಸರಕವೂ ಇದೇ ನೆಲದ ಮರ, ಅದರ ತೊಗಟೆಯೂ ಕಹಿ; ಆದರೆ ಅದು ವಿಷ. ಕತ್ತಲಲ್ಲಿ ಒಂದನ್ನು ಇನ್ನೊಂದೆಂದು ಬಗೆದರೆ ಪ್ರಾಣಕ್ಕೇ ಅಪಾಯ. ಹಗಲಿನಲ್ಲೇ ಮರವನ್ನು ಗುರುತಿಸಿಟ್ಟುಕೊಳ್ಳುವ ಹಿರಿಯರ ಎಚ್ಚರ ಇಲ್ಲಿ ಆಚರಣೆಯ ಪ್ರಾಣವೇ ಆಗಿದೆ. ಆಚರಣೆ ಉಳಿದು ಆ ಎಚ್ಚರ ಅಳಿದರೆ ಮದ್ದೇ ವಿಷವಾಗುತ್ತದೆ.

ಈ ಹಿನ್ನೆಲೆಯಲ್ಲಿ ವೃಕ್ಷೋದ್ಯಾನದ ಹೊಣೆ ಮರ ನೆಡುವುದಕ್ಕೆ ಸೀಮಿತವಾದುದಲ್ಲ. ಮರದ ಬುಡದ ಫಲಕದಲ್ಲಿ ಲ್ಯಾಟಿನ್ ಹೆಸರಿನಷ್ಟೇ ಸ್ಪಷ್ಟವಾಗಿ ತುಳು, ಕನ್ನಡ ಹೆಸರುಗಳೂ, ಬಳಕೆಯೂ, ನಿಷೇಧವೂ ದಾಖಲಾಗಬೇಕು. ಗುತ್ತಿನ ಮನೆ ಮತ್ತು ಕುಶಲಕರ್ಮಿಗಳ ಗ್ರಾಮಗಳು ಪಿಲಿಕುಳದ ಆವರಣದಲ್ಲೇ ಇರುವುದರಿಂದ, ಮರವನ್ನೂ ಅದನ್ನು ಬಲ್ಲವರ ಬದುಕನ್ನೂ ಒಟ್ಟಿಗೆ ಕಾಣಿಸುವ ಅವಕಾಶ ಇಲ್ಲಿದೆ. ಬನವನ್ನು ಭಕ್ತಿ ಕಾಯುತ್ತಿತ್ತು. ಉದ್ಯಾನವನ್ನು ಅರಿವು ಕಾಯಬೇಕಾಗಿದೆ.