ಕೇಬಲ್ಲಿನ ಹೊರಕವಚ: ಗಟ್ಟಾ ಪರ್ಚಾದಿಂದ ದ್ಯುತಿತಂತುವಿನವರೆಗೆ

ದ್ಯುತಿತಂತು ಕೇಬಲ್ಲಿನಲ್ಲಿ ಬೆಳಕನ್ನು ಒಯ್ಯುವುದು ಗಾಜಿನ ಎಳೆ ಎಂಬುದು ನಿಮಗೆ ಗೊತ್ತು. ಆದರೆ ಆ ಎಳೆಯ ಬಾಳಿಕೆ ಬಹುಮಟ್ಟಿಗೆ ಹೊರಕವಚವನ್ನು ಅವಲಂಬಿಸಿದೆ.

1851ರಲ್ಲಿ ಇಂಗ್ಲೆಂಡ್ ಮತ್ತು ಫ್ರಾನ್ಸ್ ನಡುವೆ ಸಮುದ್ರದಡಿ ಹಾಸಿದ ಟೆಲಿಗ್ರಾಫ್ ಕೇಬಲ್ಲಿನ ತಾಮ್ರದ ತಂತಿಗಳಿಗೆ ಗಟ್ಟಾ ಪರ್ಚಾದ ಹೊದಿಕೆಯಿತ್ತು. ಇದು ಮಲಯ ಪ್ರದೇಶದ ಮರವೊಂದರ ಹಾಲಿನಿಂದ ದೊರೆಯುವ ವಸ್ತು. 1933ರಲ್ಲಿ ಬ್ರಿಟನ್ನಿನ ಐಸಿಐ ಸಂಸ್ಥೆಯ ಫಾಸೆಟ್ ಮತ್ತು ಗಿಬ್ಸನ್ ಆಕಸ್ಮಿಕವಾಗಿ ಪಾಲಿಎಥಿಲೀನ್ ಪಡೆದರು. ಕ್ರಮೇಣ ಅದು ಗಟ್ಟಾ ಪರ್ಚಾದ ಸ್ಥಾನಕ್ಕೆ ಬಂತು. 1988ರಲ್ಲಿ ಅಟ್ಲಾಂಟಿಕ್ ಸಾಗರವನ್ನು ದಾಟಿದ ಮೊದಲ ದ್ಯುತಿತಂತು ಕೇಬಲ್ ಟಿಎಟಿ-8ರಲ್ಲೂ ಅದನ್ನೇ ಬಳಸಲಾಯಿತು.

ಗಾಜು ವಿದ್ಯುದ್ವಾಹಕವಲ್ಲ, ಹಾಗಾದರೆ ಕವಚವೇಕೆ? ತೇವ ತಗುಲಿದರೆ ಗಾಜಿನ ಮೇಲ್ಮೈಯ ಸೂಕ್ಷ್ಮ ಬಿರುಕುಗಳು ಬೆಳೆಯುತ್ತವೆ. ಪಾಲಿಎಥಿಲೀನ್ ತೇವವನ್ನು ಚೆನ್ನಾಗಿ ತಡೆಯುತ್ತದೆ. ಆದರೆ ಬಿಸಿಲಿನ ಅತಿನೇರಳೆ ಕಿರಣಗಳು ಅದರ ಅಣುಸರಪಳಿಗಳನ್ನೇ ತುಂಡರಿಸುತ್ತವೆ. ಆದ್ದರಿಂದ ಅದಕ್ಕೆ ಶೇಕಡ 2ರಿಂದ 3ರಷ್ಟು ಇಂಗಾಲದ ಮಸಿ ಬೆರೆಸುತ್ತಾರೆ. ಹೊರಾಂಗಣದ ಕೇಬಲ್ ಕಪ್ಪಗಿರುವುದು ಇದಕ್ಕಾಗಿಯೇ.

ಪಾಲಿಎಥಿಲೀನ್ ಸುಲಭವಾಗಿ ಉರಿಯುತ್ತದೆ. ಕಟ್ಟಡಗಳೊಳಗೆ ಬಳಸುತ್ತಿದ್ದ ಪಿವಿಸಿ ಅಷ್ಟು ಬೇಗ ಹೊತ್ತಿಕೊಳ್ಳದು; ಹೊತ್ತಿದರೆ ಮಾತ್ರ ಹೈಡ್ರೋಜನ್ ಕ್ಲೋರೈಡ್ ಅನಿಲವನ್ನು ಹೊಮ್ಮಿಸುತ್ತದೆ. 1975ರಲ್ಲಿ ನ್ಯೂಯಾರ್ಕಿನ ದೂರವಾಣಿ ವಿನಿಮಯ ಕೇಂದ್ರಕ್ಕೆ ಬೆಂಕಿ ಬಿದ್ದಾಗ ಅಗ್ನಿಶಾಮಕ ಸಿಬ್ಬಂದಿ ಇಂಥ ಹೊಗೆಯನ್ನೇ ಉಸಿರಾಡಬೇಕಾಯಿತು. ಮುಂದೆ ಹ್ಯಾಲೋಜನ್‌ರಹಿತ ಕವಚಗಳು ಬಳಕೆಗೆ ಬಂದವು. ಅವುಗಳಲ್ಲಿ ಬೆರೆಸಿದ ಅಲ್ಯೂಮಿನಿಯಂ ಹೈಡ್ರಾಕ್ಸೈಡ್ ಸುಮಾರು 200 ಡಿಗ್ರಿ ಸೆಲ್ಸಿಯಸ್‌ನಲ್ಲಿ ವಿಭಜನೆಗೊಂಡು, ಶಾಖವನ್ನು ಹೀರಿ ನೀರಾವಿಯನ್ನು ಬಿಡುತ್ತದೆ.

ಹೊರಗೆ ತೇವ, ಬಿಸಿಲು. ಒಳಗೆ ಬೆಂಕಿ, ಹೊಗೆ. ಕವಚವನ್ನು ಆರಿಸುವಾಗ ಕೇಬಲ್ ಎಲ್ಲಿ ಸಾಗುತ್ತದೆ ಎಂಬುದನ್ನು ಮೊದಲು ಕೇಳಿಕೊಳ್ಳಿ.